ಮುದ್ರೆ ಯಾರದು? ಮುರ್ಡೇಶ್ವರ ಪರಿಸರದ ಬೆಳ್ಳಿ, ಪಿಂಗಾಣಿ, ಆಭರಣಗಳ ಗುರುತುಗಳನ್ನು ಓದುವ ಕ್ರಮ

ಹಳೆಯ ಬೆಳ್ಳಿಯ ಪಾತ್ರೆಯೋ ಪಿಂಗಾಣಿಯ ತಟ್ಟೆಯೋ ಚಿನ್ನದ ಒಡವೆಯೋ ಕೈಗೆ ಬಂದಾಗ ಅದನ್ನು ತಿರುಗಿಸಿ ತಳ ಅಥವಾ ಬೆನ್ನನ್ನು ನೋಡುವುದು ಕಲಾವಸ್ತು ಅಧ್ಯಯನದ ಮೊದಲ ಪಾಠ. ಅಲ್ಲಿರುವ ಮುದ್ರೆಯನ್ನು ಕೈಪಿಡಿಯ ಚಿತ್ರಗಳೊಡನೆ ಹೋಲಿಸಿದರೆ ಮಾಡಿದವರು ಯಾರು, ಯಾವ ಊರಿನವರು, ಯಾವ ಕಾಲದವರು, ಲೋಹದ ಶುದ್ಧಿ ಎಷ್ಟು ಎಂಬುದೆಲ್ಲ ತಿಳಿಯುತ್ತದೆ ಎಂಬ ನಂಬಿಕೆ ಈ ಪಾಠದ ಹಿಂದಿದೆ. ಇಂಗ್ಲೆಂಡ್, ಫ್ರಾನ್ಸ್, ಜರ್ಮನಿಗಳ ವಸ್ತುಗಳ ಮಟ್ಟಿಗೆ ಈ ನಂಬಿಕೆ ಬಹುಪಾಲು ಸರಿಯೂ ಹೌದು. ಆದರೆ ಇದೇ ಕ್ರಮವನ್ನು ಉತ್ತರ ಕನ್ನಡದ ಕರಾವಳಿಗೆ, ಅಂದರೆ ಭಟ್ಕಳದಿಂದ ಮುರ್ಡೇಶ್ವರ, ಹೊನ್ನಾವರಗಳನ್ನು ಹಾದು ಕುಮಟಾದವರೆಗಿನ ಪರಿಸರಕ್ಕೆ ಅನ್ವಯಿಸಿದಾಗ ತೊಡಕು ಎದುರಾಗುತ್ತದೆ. ಇಲ್ಲಿಯ ಪಾತ್ರೆಗಳ ಮೇಲೆ ಅಕ್ಷರಗಳಿವೆ, ಅಂಕಿಗಳಿವೆ. ಮಾಡಿದವನ ಹೆಸರು ಮಾತ್ರ ಸಾಮಾನ್ಯವಾಗಿ ಇರುವುದಿಲ್ಲ. 'ತಯಾರಕನ ಗುರುತು ಇಲ್ಲ' ಎಂದು ದಾಖಲೆಯ ಪುಸ್ತಕದಲ್ಲಿ ಬರೆದು ಮುಂದಿನ ವಸ್ತುವಿಗೆ ಹೋಗುವುದು ಸುಲಭ. ಆದರೆ ಹಾಗೆ ಬರೆಯುವುದರಿಂದ ವಸ್ತುವಿನ ಮೇಲೆ ಇರುವ ಗುರುತು ಓದದೆಯೇ ಉಳಿಯುತ್ತದೆ.

ತಯಾರಕನ ಮುದ್ರೆಯೆಂಬುದು ಎಲ್ಲ ಕುಶಲ ಸಮಾಜಗಳಲ್ಲೂ ತಾನಾಗಿ ಹುಟ್ಟುವ ವಸ್ತುವಲ್ಲ. ಮಾಡುವವನಿಗೂ ಕೊಳ್ಳುವವನಿಗೂ ಪರಿಚಯವಿಲ್ಲದ ಕಡೆ ಅದು ಹುಟ್ಟುತ್ತದೆ. ಪರಿಚಯವಿರುವ ಕಡೆ ಮುದ್ರೆಯ ಸ್ಥಾನವನ್ನು ನೆನಪು, ಕಣ್ಣಳತೆ, ತೂಕ ಮತ್ತು ಒಡೆಯನ ಹೆಸರು ತುಂಬುತ್ತವೆ. ಮುರ್ಡೇಶ್ವರ ಪರಿಸರದ ವಸ್ತುಗಳನ್ನು ಈ ನೆಲೆಯಿಂದ ಓದಬೇಕಾದ ಅಗತ್ಯವನ್ನು ಪ್ರಸ್ತುತ ಲೇಖನ ಪರಿಶೀಲಿಸುತ್ತದೆ.

ಮುದ್ರೆಯ ಹುಟ್ಟು

ಹಾಲ್‌ಮಾರ್ಕ್ ಎಂದು ಇಂದು ಕನ್ನಡದಲ್ಲೂ ರೂಢವಾಗಿರುವ ಪದದ ಮೂಲ ಲಂಡನ್ನಿನ ಅಕ್ಕಸಾಲಿಗರ ಸಂಘದ ಭವನ. 1300ರಲ್ಲಿ ಒಂದನೆಯ ಎಡ್ವರ್ಡ್ ದೊರೆಯ ಕಾಲದ ಶಾಸನವು ಬೆಳ್ಳಿ ಬಂಗಾರಗಳ ಶುದ್ಧಿಯನ್ನು ನಿಗದಿಪಡಿಸಿ, ಪರೀಕ್ಷಿಸಿದ ವಸ್ತುವಿಗೆ ಚಿರತೆಯ ತಲೆಯ ಮುದ್ರೆ ಒತ್ತಬೇಕೆಂದು ವಿಧಿಸಿತು. 1363ರಲ್ಲಿ ಪ್ರತಿಯೊಬ್ಬ ಅಕ್ಕಸಾಲಿಗನೂ ತನ್ನದೇ ಗುರುತನ್ನು ಒತ್ತಬೇಕೆಂಬ ನಿಯಮ ಬಂತು. 1478ರಲ್ಲಿ ವರ್ಷಸೂಚಕ ಅಕ್ಷರ ಸೇರಿತು. ವಸ್ತುವನ್ನು ಭವನಕ್ಕೇ ತಂದು ಪರೀಕ್ಷೆ ಮಾಡಿಸುವ ಕ್ರಮವೂ ಆಗಲೇ ನೆಲೆಗೊಂಡಿತು. ಈ ಮುದ್ರೆಗಳಲ್ಲಿ ಯಾವುದೂ ಕುಶಲಕರ್ಮಿಯ ಕೀರ್ತಿಗಾಗಿ ಹುಟ್ಟಿದ್ದಲ್ಲ. ಮೋಸ ಕಂಡುಬಂದರೆ ಯಾರನ್ನು ಹಿಡಿಯಬೇಕು ಎಂಬ ಪ್ರಶ್ನೆಗೆ ಉತ್ತರವಾಗಿ ಅವು ಹುಟ್ಟಿದವು. ಇಂದು ಸಂಗ್ರಾಹಕನು ಮೆಚ್ಚುಗೆಯಿಂದ ಓದುವ ಹೆಸರು ಅಂದು ದಂಡ ವಿಧಿಸುವವನ ಅನುಕೂಲಕ್ಕಾಗಿ ಇದ್ದ ಹೆಸರು.

ಭಾರತದಲ್ಲಿ ಬೆಳ್ಳಿ ಬಂಗಾರಗಳ ಶುದ್ಧಿಯ ಚಿಂತೆ ಇರಲಿಲ್ಲವೆಂದು ಇದರಿಂದ ತಿಳಿಯಬಾರದು. ಕೌಟಿಲ್ಯನ ಅರ್ಥಶಾಸ್ತ್ರದ ಎರಡನೆಯ ಅಧಿಕರಣ ಒರೆಗಲ್ಲಿನ ಲಕ್ಷಣ, ಚಿನ್ನದ ಬಣ್ಣಗಳ ಶ್ರೇಣಿ, ಅಕ್ಕಸಾಲಿಗರು ಲೋಹವನ್ನು ಅಪಹರಿಸುವ ಐದು ಉಪಾಯಗಳು ಇವನ್ನೆಲ್ಲ ವಿಸ್ತಾರವಾಗಿ ಹೇಳುತ್ತದೆ. ಅಲ್ಲಿಯೂ ಗಿರಾಕಿಯ ಚಿನ್ನವನ್ನು ಪಡೆದು ವಸ್ತು ಮಾಡಿಕೊಡುವ ವ್ಯವಸ್ಥೆಯೇ ಮುಖ್ಯ. ಕೊಟ್ಟ ತೂಕ ಮತ್ತು ಬಣ್ಣದಲ್ಲಿಯೇ ವಸ್ತು ಹಿಂದಿರುಗಬೇಕು ಎಂಬುದು ನಿಯಮದ ತಿರುಳು. ಪರೀಕ್ಷೆ ಒರೆಗಲ್ಲಿನಲ್ಲಿಯೂ ತಕ್ಕಡಿಯಲ್ಲಿಯೂ ನಡೆಯುತ್ತಿತ್ತು.

ಕರಾವಳಿಯ ಸೊನಗಾರ ಮತ್ತು ಗಿರಾಕಿ

ಭಟ್ಕಳ, ಹೊನ್ನಾವರ, ಕುಮಟಾ ಸೀಮೆಯಲ್ಲಿ ಬೆಳ್ಳಿ ಬಂಗಾರದ ಕೆಲಸ ಬಹುಮಟ್ಟಿಗೆ ಕೊಂಕಣಿ ಮನೆಮಾತಿನ ದೈವಜ್ಞ ಬ್ರಾಹ್ಮಣ ಸಮುದಾಯದ ಕೈಯಲ್ಲಿ ಬೆಳೆದದ್ದು. ಹೊನ್ನಾವರದ ಸಮೀಪದ ಕರ್ಕಿಯಲ್ಲಿ ಈ ಸಮುದಾಯದ ಮಠವಿದೆ. ಜನರ ಮಾತಿನಲ್ಲಿ ಇವರು ಸೊನಗಾರರು, ಶೇಟರು. ವೆರ್ಣೇಕರ, ರಾಯ್ಕರ ಮೊದಲಾದ ಅಡ್ಡಹೆಸರುಗಳು ಗೋವೆಯ ವೆರ್ಣ, ರಾಯ್ ಎಂಬ ಊರುಗಳನ್ನು ಇಂದಿಗೂ ಹೊತ್ತುಕೊಂಡಿವೆ. ವಸ್ತುವಿನ ಮೇಲೆ ಊರಿನ ಮುದ್ರೆ ಇಲ್ಲದಿದ್ದರೂ ಮಾಡಿದವನ ಹೆಸರಿನಲ್ಲಿಯೇ ಊರಿನ ಮುದ್ರೆ ಉಳಿದಿದೆ ಎಂಬುದು ಗಮನಾರ್ಹ.

ಈ ಸೀಮೆಯಲ್ಲಿ ಒಡವೆಯನ್ನು ಅಂಗಡಿಯಲ್ಲಿ ನೋಡಿ ಕೊಳ್ಳುವ ಪದ್ಧತಿ ಹಳೆಯದಲ್ಲ. ಒಡವೆಯನ್ನು 'ಮಾಡಿಸುವುದು' ರೂಢಿ. ಮನೆಯಲ್ಲಿರುವ ಹಳೆಯ ಚಿನ್ನವನ್ನೋ ನಾಣ್ಯವನ್ನೋ ಸೊನಗಾರನಿಗೆ ತೂಗಿ ಕೊಟ್ಟು, ಆಗಬೇಕಾದ ವಸ್ತುವನ್ನು ಹೇಳಿ, ಕೂಲಿ ಕೊಟ್ಟು ಪಡೆಯುವುದು ಕ್ರಮ. ಮದುವೆಯಂತಹ ಸಂದರ್ಭದಲ್ಲಿ ಸೊನಗಾರನನ್ನು ಮನೆಗೇ ಕರೆಸಿ ಜಗಲಿಯಲ್ಲಿ ಕೂರಿಸಿ ಕೆಲಸ ಮಾಡಿಸುವ ವಾಡಿಕೆಯೂ ಇತ್ತು. ಮೂಸೆ, ಊದುಗೊಳವೆ, ತಂತಿ ಎಳೆಯುವ ಕಂಬಚ್ಚು, ಒರೆಗಲ್ಲು, ಗುಲಗಂಜಿಯ ತೂಕ ಇವೆಲ್ಲ ಮನೆಯವರ ಕಣ್ಣೆದುರಿಗೇ ಇರುತ್ತಿದ್ದವು. ಈ ಏರ್ಪಾಟನ್ನು ಹಳ್ಳಿಯ ಮುಗ್ಧ ವಿಶ್ವಾಸವೆಂದು ವರ್ಣಿಸುವುದು ತಪ್ಪು. ಅಕ್ಕನ ಚಿನ್ನವನ್ನೂ ಅಕ್ಕಸಾಲಿಗ ಬಿಡನೆಂಬ ಗಾದೆ ಕನ್ನಡ ನಾಡಿನ ಎಲ್ಲೆಡೆ ಕೇಳಿಬರುತ್ತದೆ. ಪರಿಚಯ ಬೇರೆ, ನಂಬಿಕೆ ಬೇರೆ ಎಂಬುದನ್ನು ಈ ಗಾದೆ ಬಲ್ಲದು. ಸೊನಗಾರನನ್ನು ನಂಬಿದ್ದರಿಂದ ಮುದ್ರೆ ಬೇಡವಾಯಿತು ಎನ್ನುವುದಕ್ಕಿಂತ, ಅವನನ್ನು ಎದುರಿಗೇ ಕೂರಿಸಿ ನೋಡಬಹುದಾಗಿದ್ದರಿಂದ ಮುದ್ರೆ ಬೇಡವಾಯಿತು ಎನ್ನುವುದು ವಾಸ್ತವಕ್ಕೆ ಹತ್ತಿರ. ಲಂಡನ್ನಿನಲ್ಲಿ ಚಿರತೆಯ ತಲೆ ಮಾಡಿದ ಕೆಲಸವನ್ನು ಇಲ್ಲಿ ಜಗಲಿಯ ಮೇಲೆ ಕುಳಿತ ಮನೆಯ ಹಿರಿಯರ ಕಣ್ಣು ಮಾಡುತ್ತಿತ್ತು.

ಇದಕ್ಕೆ ಪೂರಕವಾದ ಸಾಕ್ಷ್ಯ ಇದೇ ಮನೆಗಳ ಮಾಡಿನ ಮೇಲಿದೆ. ಮಂಗಳೂರಿನಲ್ಲಿ ಬಾಸೆಲ್ ಮಿಷನ್ 1865ರಲ್ಲಿ ಹಂಚಿನ ಕಾರ್ಖಾನೆ ಆರಂಭಿಸಿತು. ಅನಂತರ ಇತರ ಕಾರ್ಖಾನೆಗಳೂ ಬಂದವು. ಈ ಹಂಚುಗಳ ಮೈಮೇಲೆ ಕಾರ್ಖಾನೆಯ ಹೆಸರು, ಊರಿನ ಹೆಸರು ಉಬ್ಬಕ್ಷರದಲ್ಲಿ ಸ್ಪಷ್ಟವಾಗಿ ಮೂಡಿವೆ. ಮನೆಯಲ್ಲಿರುವ ಅಗ್ಗದ ವಸ್ತುವಾದ ಹಂಚಿಗೆ ತಯಾರಕನ ಮುದ್ರೆಯಿದೆ. ಅತ್ಯಂತ ಬೆಲೆಯುಳ್ಳ ಒಡವೆಗೆ ಇಲ್ಲ. ವಸ್ತುವಿನ ಬೆಲೆಗೂ ಮುದ್ರೆಗೂ ನೇರ ಸಂಬಂಧವಿಲ್ಲ ಎಂಬುದು ಇದರಿಂದ ಸಿದ್ಧವಾಗುತ್ತದೆ. ಹಂಚನ್ನು ಮಾಡಿದವರು ಕೊಂಡವರನ್ನು ನೋಡಿದವರಲ್ಲ. ಹಡಗಿನಲ್ಲಿ, ಮಚವೆಯಲ್ಲಿ ದೂರ ಹೋಗುವ ವಸ್ತುವಿಗೆ ಹೆಸರು ಬೇಕಾಯಿತು. ಒಡವೆ ಮಾತ್ರ ಅದನ್ನು ಮಾಡಿದ ಕೈಯಿಂದ ನೇರವಾಗಿ ತೊಡುವವರ ಕೈಗೆ ಸಾಗುತ್ತಿತ್ತು.

ಅನಾಮಿಕತೆಯ ಕಲ್ಪನೆ

ಭಾರತೀಯ ಕುಶಲಕರ್ಮಿ ತನ್ನ ಹೆಸರನ್ನು ಬಿಡದಿರುವುದಕ್ಕೆ ವಿದ್ವಾಂಸರು ಎರಡು ಬಗೆಯ ಕಾರಣಗಳನ್ನು ಕೊಡುತ್ತ ಬಂದಿದ್ದಾರೆ. ಜಾರ್ಜ್ ಬರ್ಡ್‌ವುಡ್ 1880ರಲ್ಲಿ ಪ್ರಕಟಿಸಿದ ಭಾರತದ ಕೈಗಾರಿಕಾ ಕಲೆಗಳ ಗ್ರಂಥದಲ್ಲಿ ಹಳ್ಳಿಯ ವ್ಯವಸ್ಥೆಯೊಳಗೆ ಕರಗಿಹೋದ ಪರಂಪರಾಗತ ಕುಶಲಕರ್ಮಿಯ ಚಿತ್ರ ಕಾಣುತ್ತದೆ. ಆನಂದ ಕುಮಾರಸ್ವಾಮಿ 1909ರಲ್ಲಿ ಭಾರತೀಯ ಕುಶಲಕರ್ಮಿಯನ್ನು ಕುರಿತು ಬರೆದ ಗ್ರಂಥ ಹಾಗೂ ಅನಂತರದ ಬರಹಗಳು ಹೆಸರಿಲ್ಲದಿರುವಿಕೆಗೆ ಆಧ್ಯಾತ್ಮಿಕ ಅರ್ಥವನ್ನು ಕೊಟ್ಟವು. ಮೊದಲನೆಯದು ಕುಶಲಕರ್ಮಿಯನ್ನು ವ್ಯವಸ್ಥೆಯ ಒಂದು ಅಂಗವನ್ನಾಗಿ ಮಾಡಿತು. ಎರಡನೆಯದು ಅವನನ್ನು ಅಹಂಕಾರ ತೊರೆದ ಸಾಧಕನನ್ನಾಗಿ ಮಾಡಿತು. ಎರಡೂ ಅವನನ್ನು ಗೌರವಿಸಲು ಹೊರಟ ವಿಚಾರಗಳೇ. ಆದರೂ ಅವನ ಹೆಸರನ್ನು ಹುಡುಕಬೇಕಾದ ಹೊಣೆಯಿಂದ ಎರಡೂ ಓದುಗನನ್ನು ಬಿಡುಗಡೆಗೊಳಿಸುತ್ತವೆ.

ಕರ್ನಾಟಕದ ಆಕರಗಳ ಮುಂದೆ ಈ ಕಲ್ಪನೆ ನಿಲ್ಲುವುದಿಲ್ಲ. ಬೇಲೂರಿನ ಶಿಲ್ಪಗಳ ಕೆಳಗೆ ಬಳ್ಳಿಗಾವಿಯ ದಾಸೋಜ, ಅವನ ಮಗ ಚಾವಣ ಇವರ ಹೆಸರುಗಳು ಬಿರುದುಗಳ ಸಹಿತ ಕೆತ್ತಲ್ಪಟ್ಟಿವೆ. ಹದಿಮೂರನೆಯ ಶತಮಾನದ ಮಲ್ಲಿತಮ್ಮನ ಹೆಸರು ಸೋಮನಾಥಪುರವೂ ಸೇರಿದಂತೆ ಹಲವು ದೇವಾಲಯಗಳಲ್ಲಿ ದೊರೆಯುತ್ತದೆ. ವಿನಯವೇ ಭಾರತೀಯ ಕುಶಲಕರ್ಮಿಯ ಸ್ವಭಾವವಾಗಿದ್ದರೆ ಹೊಯ್ಸಳ ರೂವಾರಿಗಳು ಅದಕ್ಕೆ ಹೊರಗಾದದ್ದೇಕೆ? ಲೋಹಶಿಲ್ಪಿಗಳ ಸಾಕ್ಷ್ಯ ಇನ್ನೂ ನೇರವಾದದ್ದು. ವಿಜಯನಗರದ ತಾಮ್ರಶಾಸನಗಳ ಕೊನೆಯಲ್ಲಿ ಅವನ್ನು ಕೆತ್ತಿದ ವೀರಣಾಚಾರ್ಯನ ಹೆಸರು ಬರುತ್ತದೆ. ಲೋಹದ ಮೇಲೆ ಅಕ್ಷರ ಬಿಡಿಸಬಲ್ಲ ಕೈ, ತನ್ನ ಹೆಸರನ್ನು ಬರೆಯಲು ಹಿಂಜರಿಯದ ಕೈ ಈ ನಾಡಿನಲ್ಲಿ ಇತ್ತು. ಶಾಸನದಲ್ಲಿ ಬಿದ್ದ ಹೆಸರು ಒಡವೆಯಲ್ಲಿ ಬೀಳಲಿಲ್ಲವೆಂದರೆ, ಕಾರಣವನ್ನು ವಸ್ತುವಿನ ಉಪಯೋಗದಲ್ಲಿ ಹುಡುಕಬೇಕಾಗುತ್ತದೆ. ತಾಮ್ರಶಾಸನ ಮುಂದಿನ ತಲೆಮಾರುಗಳ ಅಪರಿಚಿತರೆದುರು ಪ್ರಮಾಣವಾಗಿ ನಿಲ್ಲಬೇಕಾದದ್ದು. ದೇವಾಲಯದ ಶಿಲ್ಪ ಬಂದುಹೋಗುವ ಸಾವಿರಾರು ಜನರೆದುರು ನಿಲ್ಲುವಂಥದ್ದು. ಒಡವೆ ಮಾತ್ರ ಮನೆಯೊಳಗಿನದು; ಅಷ್ಟೇ ಅಲ್ಲ, ಒಂದಲ್ಲ ಒಂದು ದಿನ ಮತ್ತೆ ಮೂಸೆಗೆ ಹೋಗುವಂಥದ್ದು.

ವಸಾಹತು ಕಾಲದ ಬೆಳ್ಳಿಯ ಸಂಗತಿ ಇದೇ ವಾದವನ್ನು ಇನ್ನೊಂದು ಬದಿಯಿಂದ ಸಮರ್ಥಿಸುತ್ತದೆ. ಕಲ್ಕತ್ತೆಯ ಹ್ಯಾಮಿಲ್ಟನ್, ಮದರಾಸಿನ ಪಿ. ಆರ್ ಮತ್ತು ಸನ್ಸ್ ಮೊದಲಾದ ಸಂಸ್ಥೆಗಳು ತಮ್ಮ ವಸ್ತುಗಳ ಮೇಲೆ ಹೆಸರು ಒತ್ತಿದವು. ದೇವತೆಗಳ ಉಬ್ಬುಚಿತ್ರಗಳಿದ್ದ ಮದರಾಸಿನ 'ಸ್ವಾಮಿ' ಬೆಳ್ಳಿ 1875ರಲ್ಲಿ ವೇಲ್ಸಿನ ರಾಜಕುಮಾರ ಭಾರತಕ್ಕೆ ಬಂದ ಸಂದರ್ಭದಿಂದೀಚೆಗೆ ಬಹಳ ಹೆಸರಾಯಿತು. ಆ ಚಿತ್ರಗಳನ್ನು ಉಬ್ಬಿಸಿದ ಸ್ಥಳೀಯ ಕುಶಲಕರ್ಮಿಗಳ ಹೆಸರು ಅಲ್ಲಿ ಇಲ್ಲ. ಕಚ್ಛಿನ ಊಮರ್ಸಿ ಮಾವ್ಜಿ ತನ್ನ ಹೆಸರಿನ ಮೊದಲಕ್ಷರಗಳನ್ನೂ ಭುಜ್ ಎಂಬ ಊರಿನ ಹೆಸರನ್ನೂ ಒತ್ತಿದ್ದು ಈ ಹೊಸ ಮಾರುಕಟ್ಟೆಯ ಭಾಷೆಯನ್ನು ಅರಿತದ್ದರಿಂದಲೇ. ಅಲ್ಲಿಯೂ ಕೊಳ್ಳುವವರು ದೂರದವರು. ಹೀಗಾಗಿ ಮುದ್ರೆಯುಳ್ಳ ಬೆಳ್ಳಿಯನ್ನೇ ಉತ್ತಮ ಬೆಳ್ಳಿಯೆಂದು ಬಗೆಯುವ ಸಂಗ್ರಾಹಕರ ರೂಢಿ ಕುಶಲತೆಯನ್ನು ಅಳೆಯುವುದಿಲ್ಲ. ಮಾರುಕಟ್ಟೆಯ ದೂರವನ್ನು ಅಳೆಯುತ್ತದೆ.

ಕಥನಗಳಲ್ಲಿ ಗುರುತಿಸುವಿಕೆ

ಒಡವೆಯನ್ನು ಗುರುತಿಸುವ ಪ್ರಸಂಗ ಭಾರತೀಯ ಕಥನಪರಂಪರೆಯಲ್ಲಿ ಮತ್ತೆ ಮತ್ತೆ ಬರುತ್ತದೆ. ಮುದ್ರೆಯನ್ನು ಕುರಿತ ದೇಸಿ ತಿಳಿವಳಿಕೆಗೆ ಇವು ಒಳ್ಳೆಯ ಆಕರಗಳು. ಹನುಮಂತನ ಮೂಲಕ ಲಂಕೆಗೆ ಹೋದ ಉಂಗುರದಲ್ಲಿದ್ದದ್ದು ರಾಮನ ಹೆಸರು; ಅದನ್ನು ಮಾಡಿದ ಅಕ್ಕಸಾಲಿಗನ ಹೆಸರಿನ ಪ್ರಶ್ನೆಯೇ ಅಲ್ಲಿ ಏಳುವುದಿಲ್ಲ. ಕಾಳಿದಾಸನ ಶಾಕುಂತಲದಲ್ಲಿ ರಾಜನ ಹೆಸರುಳ್ಳ ಉಂಗುರ ಮೀನಿನ ಹೊಟ್ಟೆಯಲ್ಲಿ ದೊರೆತಾಗ ಮೀನುಗಾರನೇ ಕಳ್ಳನೆಂದು ಸಿಕ್ಕಿಬೀಳುತ್ತಾನೆ. ಸುಗ್ರೀವನು ತೋರಿಸಿದ ಒಡವೆಗಳಲ್ಲಿ ಲಕ್ಷ್ಮಣನಿಗೆ ಗುರುತು ಸಿಕ್ಕುವುದು ಕಾಲಂದುಗೆ ಮಾತ್ರ. ದಿನವೂ ಪಾದಕ್ಕೆರಗಿದ ಕಣ್ಣಿನ ಅಭ್ಯಾಸ ಅಲ್ಲಿ ಮುದ್ರೆಯಾಗಿ ಕೆಲಸ ಮಾಡುತ್ತದೆ. ತಮಿಳಿನ ಶಿಲಪ್ಪದಿಕಾರದಲ್ಲಿ ಹೊರಗಿನಿಂದ ಒಂದೇ ತೆರನಾಗಿ ಕಾಣುವ ಎರಡು ಕಾಲಂದುಗೆಗಳನ್ನು ಒಳಗೆ ತುಂಬಿದ ಮುತ್ತು ಮತ್ತು ಮಾಣಿಕ್ಯ ಬೇರ್ಪಡಿಸುತ್ತವೆ. ಅಲ್ಲಿ ಕಳ್ಳತನ ಮಾಡಿ ಇನ್ನೊಬ್ಬನ ಮೇಲೆ ಹೊರಿಸಿದವನು ಅಕ್ಕಸಾಲಿಗನೇ. ಪುರಂದರದಾಸರ ಐತಿಹ್ಯದಲ್ಲಿ ಶ್ರೀನಿವಾಸ ನಾಯಕ ತನ್ನ ಅಂಗಡಿಗೆ ಬಂದ ಮೂಗುತಿಯನ್ನು ಕಂಡೊಡನೆ ಅದು ಹೆಂಡತಿಯದೆಂದು ತಿಳಿಯುತ್ತಾನೆ. ಚಿನಿವಾರನ ಕಣ್ಣು, ಗಂಡನ ಕಣ್ಣು ಎರಡೂ ಅಲ್ಲಿ ಒಂದಾಗಿವೆ.

ಈ ಐದೂ ಪ್ರಸಂಗಗಳಲ್ಲಿ ಒಡವೆ ಹೇಳುವುದು ತೊಟ್ಟವರನ್ನು, ಮಾಡಿದವನನ್ನಲ್ಲ. ಗುರುತಿಸುವ ಸಾಧನಗಳು ಮಾತ್ರ ಬೇರೆ ಬೇರೆ: ಕೆತ್ತಿದ ಹೆಸರು, ನೋಡಿ ನೋಡಿ ಪಳಗಿದ ಕಣ್ಣು, ಒಳಗಿನ ತಿರುಳು, ವೃತ್ತಿಯ ಅನುಭವ. ಕರಾವಳಿಯ ಮನೆಗಳಲ್ಲಿ ಒಡವೆಗಳನ್ನು ಹೆಸರಿಸುವ ಬಗೆಯೂ ಇದಕ್ಕೆ ಹೊಂದುತ್ತದೆ. ತವರಿನಿಂದ ಬಂದದ್ದು, ಧಾರೆಯ ಹೊತ್ತಿಗೆ ಹಾಕಿದ್ದು, ಅತ್ತೆಯ ಕಾಲದ್ದನ್ನು ಮುರಿಸಿ ಮಾಡಿಸಿದ್ದು ಎಂಬ ಮಾತುಗಳಲ್ಲಿ ಒಡವೆಯ ಚರಿತ್ರೆ ಉಳಿಯುತ್ತದೆ. ಈ ಚರಿತ್ರೆಯ ವಾರಸುದಾರರು ಬಹುಪಾಲು ಹೆಂಗಸರು. ವಸ್ತುವನ್ನು ಮಾತ್ರ ಪಡೆದು ಈ ಮಾತನ್ನು ಪಡೆಯದ ಸಂಗ್ರಹಾಲಯ ಅರ್ಧ ವಸ್ತುವನ್ನಷ್ಟೇ ಪಡೆದಂತಾಗುತ್ತದೆ.

ಹಡಗಿನಲ್ಲಿ ಬಂದ ಮುದ್ರೆಗಳು

ಭಟ್ಕಳ, ಹೊನ್ನಾವರಗಳು ವಿಜಯನಗರ ಕಾಲದ ಪ್ರಸಿದ್ಧ ಬಂದರುಗಳು. ಕುಮಟಾ ಹತ್ತೊಂಬತ್ತನೆಯ ಶತಮಾನದಲ್ಲಿ ಹತ್ತಿಯ ರಫ್ತಿಗೆ ಹೆಸರಾಗಿತ್ತು. ಇಂತಹ ತೀರದಲ್ಲಿ ಪರದೇಶದ ಮುದ್ರೆಗಳು ಒಡವೆಯೊಳಗೂ ಅಡುಗೆಮನೆಯೊಳಗೂ ಬಂದುದು ಸಹಜ. ಅವು ಇಲ್ಲಿ ಪಡೆದ ಅರ್ಥ ಮಾತ್ರ ಮೂಲದ್ದಾಗಿ ಉಳಿಯಲಿಲ್ಲ.

ಪುತ್ಥಳಿ ಸರ ಇದಕ್ಕೆ ಉತ್ತಮ ನಿದರ್ಶನ. ವೆನಿಸ್ ನಗರ 1284ರಿಂದ 1797ರವರೆಗೆ ಹೊರಡಿಸಿದ ಡುಕಾಟ್ ಎಂಬ ಚಿನ್ನದ ನಾಣ್ಯ ಸುಮಾರು ಮೂರೂವರೆ ಗ್ರಾಂ ತೂಕದ, ಬಹುತೇಕ ಅಪ್ಪಟ ಚಿನ್ನದ ನಾಣ್ಯ. ವರಹದ ತೂಕಕ್ಕೆ ಹತ್ತಿರವಾಗಿದ್ದ ಇದು ಪಶ್ಚಿಮ ಕರಾವಳಿಯಲ್ಲಿ ಚಲಾವಣೆಯೂ ಆಯಿತು, ಕೊರಳ ಸರವೂ ಆಯಿತು. ನಾಣ್ಯದ ಒಂದು ಮುಖದಲ್ಲಿ ಸಂತ ಮಾರ್ಕನ ಮುಂದೆ ಮಂಡಿಯೂರಿ ಧ್ವಜದಂಡ ಹಿಡಿದ ವೆನಿಸ್ಸಿನ ಅಧಿಪತಿ, ಇನ್ನೊಂದರಲ್ಲಿ ನಕ್ಷತ್ರಗಳ ನಡುವೆ ಕ್ರಿಸ್ತ. ಕನ್ನಡ, ಕೊಂಕಣಿಗಳಲ್ಲಿ ಈ ಆಕೃತಿಗಳು ಬರಿಯ 'ಪುತ್ಥಳಿ' ಆದವು. ತಮಿಳು ಸೀಮೆಯಲ್ಲಿ ಧ್ವಜದಂಡ ಹಿಡಿದವನನ್ನು ತಾಳೆಮರ ಏರುವವನೆಂದು ಓದಿ 'ಶಾನಾರ ಕಾಸು' ಎಂದರು. ಬೇಡಿಕೆ ಹೆಚ್ಚಿದಂತೆ ಇಲ್ಲಿಯ ಅಕ್ಕಸಾಲಿಗರೇ ಇದರ ಅನುಕರಣೆಗಳನ್ನು ಮಾಡಿದರು. ಅವುಗಳಲ್ಲಿ ಲ್ಯಾಟಿನ್ ಅಕ್ಷರಗಳು ಅರ್ಥವಿಲ್ಲದ ಗೀರುಗಳಾಗಿವೆ. ನಾಣ್ಯಶಾಸ್ತ್ರಜ್ಞ ಇದನ್ನು ನಕಲಿ ಎನ್ನಬಹುದು. ಆದರೆ ಕೊರಳಿಗೆ ಹಾಕುವ ಬಿಲ್ಲೆಯಲ್ಲಿ ಅಕ್ಷರ ಓದುವುದಕ್ಕಾಗಿ ಇರಲಿಲ್ಲ, ಅಂದಕ್ಕಾಗಿಯೂ ಪದ್ಧತಿಗಾಗಿಯೂ ಇತ್ತು. ಹೀಗೆ ಕೆಟ್ಟ ಅಕ್ಷರವೇ ಸ್ಥಳೀಯ ಕೈಯನ್ನು ಗುರುತಿಸಲು ದೊರೆಯುವ ಸುಳಿವು. ಅನುಕರಿಸಿದ ಮುದ್ರೆಯಲ್ಲಿ ಅನುಕರಿಸಿದವನ ಮುದ್ರೆ ಬಿದ್ದಿರುತ್ತದೆ.

ಬ್ರಿಟಿಷ್ ಸಾವರಿನ್ ನಾಣ್ಯ 'ಪವನು' ಎಂಬ ಹೆಸರಿನಲ್ಲಿ ತೂಕದ ಮಾನವೇ ಆಗಿಬಿಟ್ಟಿತು. ಕುದುರೆಯೇರಿದ ಸಂತ ಜಾರ್ಜನ ಚಿತ್ರವುಳ್ಳ ಈ ನಾಣ್ಯದಲ್ಲಿ ಕೆಲವು ಟಂಕಸಾಲೆಗಳ ಸೂಚಕ ಅಕ್ಷರವಿರುತ್ತದೆ. 1918ರಲ್ಲಿ ಮುಂಬಯಿಯಲ್ಲಿ ಟಂಕಿಸಿದ ಸಾವರಿನ್‌ಗಳಲ್ಲಿ ಭಾರತವನ್ನು ಸೂಚಿಸುವ ಒಂದು ರೋಮನ್ ಅಕ್ಷರವಿದೆ. ಪವನಿನ ಸರದ ಕಾಲವನ್ನು ನಿರ್ಣಯಿಸುವಾಗ ನಾಣ್ಯದ ವರ್ಷ ಸರದ ಮೇಲಿನ ಎಲ್ಲೆಯನ್ನು ಮಾತ್ರ ಹೇಳುತ್ತದೆ. ಸರ ಅದಕ್ಕಿಂತ ಹಿಂದಿನದಾಗಿರಲಾರದು, ಎಷ್ಟು ಈಚಿನದಾದರೂ ಆಗಿರಬಹುದು.

ಪಿಂಗಾಣಿಯ ಸಂಗತಿಯಲ್ಲಿ ಎಚ್ಚರ ಇನ್ನೂ ಹೆಚ್ಚು ಬೇಕು. ಈ ಪದವೇ ಪಾರಸಿಯಿಂದ ಬಂದದ್ದು. ವಸ್ತುವಿನೊಡನೆ ಹೆಸರೂ ಕಡಲು ದಾಟಿತು. ಚೀನೀ ಪಿಂಗಾಣಿಯ ತಳದಲ್ಲಿ ನಾಲ್ಕು ಅಥವಾ ಆರು ಅಕ್ಷರಗಳಲ್ಲಿ ಚಕ್ರವರ್ತಿಯ ಆಳ್ವಿಕೆಯ ಹೆಸರು ಬರೆದಿರುವುದುಂಟು. ಅದನ್ನು ತಯಾರಿಕೆಯ ಕಾಲವೆಂದು ನೇರವಾಗಿ ನಂಬುವಂತಿಲ್ಲ. 1465ರಿಂದ 1487ರವರೆಗೆ ಆಳಿದ ಛೆಂಗ್‌ಹುವಾ ಚಕ್ರವರ್ತಿಯ ಮುದ್ರೆಯನ್ನು 1662ರಿಂದ 1722ರವರೆಗಿನ ಕಾಂಗ್‌ಶಿ ಆಳ್ವಿಕೆಯ ಕುಂಬಾರರು ಧಾರಾಳವಾಗಿ ಬರೆದರು. ಅದರ ಹಿಂದೆ ಮೋಸದ ಉದ್ದೇಶವೇ ಇತ್ತೆನ್ನಲಾಗದು, ಹಿಂದಿನ ಶ್ರೇಷ್ಠ ಕೆಲಸಕ್ಕೆ ಸಲ್ಲಿಸಿದ ಗೌರವವೂ ಅದರಲ್ಲಿದೆ. ಜರ್ಮನಿಯ ಮೈಸೆನ್ ಕಾರ್ಖಾನೆ 1720ರ ದಶಕದಿಂದ ಬಳಸಿದ ಅಡ್ಡಕತ್ತಿಗಳ ಮುದ್ರೆಯನ್ನು ಯುರೋಪಿನ ಅನೇಕ ಕಾರ್ಖಾನೆಗಳು ಅನುಕರಿಸಿದವು. ಇವುಗಳಿಗೆ ಹೋಲಿಸಿದರೆ ದೇಶದ ಹೆಸರು ಹೆಚ್ಚು ವಿಶ್ವಾಸಾರ್ಹ. ಅಮೆರಿಕದ 1890ರ ಸುಂಕದ ಕಾಯಿದೆ ಆಮದು ವಸ್ತುಗಳ ಮೇಲೆ ತಯಾರಾದ ದೇಶದ ಹೆಸರಿರಬೇಕೆಂದು ವಿಧಿಸಿದ್ದರಿಂದ 1891ರಿಂದೀಚೆಗೆ ಆ ಹೆಸರುಗಳು ಸಾಮಾನ್ಯವಾದವು. ಜಪಾನಿನ ವಸ್ತುಗಳಲ್ಲಿ 1921ರವರೆಗೆ 'ನಿಪ್ಪಾನ್' ಎಂಬ ಹೆಸರು ರೂಢಿಯಲ್ಲಿತ್ತು. ಹಾಲೆಂಡಿನ ಮಾಸ್ಟ್ರಿಕ್ಟ್ ನಗರದ ಪೆಟ್ರಸ್ ರೆಗೌಟ್ ಕಾರ್ಖಾನೆಯೂ ಏಷ್ಯದ ಮಾರುಕಟ್ಟೆಗೆ ಬಣ್ಣದ ಹೂವಿನ ತಟ್ಟೆಗಳನ್ನು ಹೆಸರಿನ ಸಹಿತ ಕಳುಹಿಸಿತು. ಇತ್ತ ಇದೇ ಸೀಮೆಯ ಗುನಗರು ಮಾಡಿದ ಮಣ್ಣಿನ ಮಡಕೆಗೆ 'ತಯಾರಕನ ಗುರುತಿಲ್ಲ'. ಆ ಗುನಗ ಊರಿನ ಕುಂಬಾರನಷ್ಟೇ ಅಲ್ಲ, ಗ್ರಾಮದೇವತೆಯ ಪೂಜಾರಿಯೂ ಹೌದು. ಅವನ ಹೆಸರನ್ನು ಮಡಕೆಯ ಮೇಲೆ ಬರೆದು ಯಾರಿಗೂ ತಿಳಿಸಬೇಕಾಗಿರಲಿಲ್ಲ.

ಒಡೆಯನ ಮುದ್ರೆಯನ್ನು ಓದುವುದು

ಕರಾವಳಿಯ ಹರಿವಾಣ, ಗಿಂಡಿ, ಪಂಚಪಾತ್ರೆ, ಪನ್ನೀರುದಾನಿ, ಆರತಿ ತಟ್ಟೆಗಳ ಮೇಲೆ ಚಾಣದಿಂದ ಚುಕ್ಕೆ ಚುಕ್ಕೆಯಾಗಿ ಹೊಡೆದ ಅಕ್ಷರಗಳಿರುತ್ತವೆ. ಮನೆಯ ಪಾತ್ರೆಯಾದರೆ ಒಡೆಯನ ಹೆಸರು; ಮದುವೆ, ಉಪನಯನಗಳ ಉಡುಗೊರೆಯಾದರೆ ಕೊಟ್ಟವರ ಹೆಸರು; ದೇವಸ್ಥಾನದ್ದಾದರೆ ದೇವರ ಹೆಸರು, ಸೇವೆ ಸಲ್ಲಿಸಿದವರ ಹೆಸರು, ತೂಕ. ಇವುಗಳಿಂದ ವಸ್ತುವಿನ ಕಾಲವನ್ನು ಹತ್ತಿರಕ್ಕೆ ತರಬಲ್ಲ ಅಂಶಗಳು ಕೆಲವಿವೆ.

ಮೊದಲನೆಯದು ಲಿಪಿ. ಉತ್ತರ ಕನ್ನಡ 1862ರಲ್ಲಿ ಮದರಾಸು ಪ್ರಾಂತದಿಂದ ಮುಂಬಯಿ ಪ್ರಾಂತಕ್ಕೆ ಸೇರಿ 1956ರವರೆಗೆ ಅಲ್ಲಿಯೇ ಇತ್ತು. ಆದ್ದರಿಂದ ಕನ್ನಡದ ಜೊತೆಗೆ ನಾಗರಿ, ಮೋಡಿ, ರೋಮನ್ ಅಕ್ಷರಗಳನ್ನೂ ನಿರೀಕ್ಷಿಸಬೇಕು. ಎರಡನೆಯದು ತೂಕದ ಮಾನ. ಬೆಳ್ಳಿಯ ರೂಪಾಯಿಯ ತೂಕ ಒಂದು ತೊಲೆ, ಅಂದರೆ 11.66 ಗ್ರಾಂ, ಆದ್ದರಿಂದ 'ಇಷ್ಟು ರೂಪಾಯಿ' ಎಂದು ಕೆತ್ತಿದ್ದರೆ ಅದನ್ನು ಬೆಲೆಯೆಂದು ಆತುರಪಟ್ಟು ಓದದೆ ತೂಗಿ ನೋಡಬೇಕು. ತೂಕ ಮತ್ತು ಮಾಪನಗಳ ಕಾಯಿದೆ 1956ರಲ್ಲಿ ಬಂದು ಮೆಟ್ರಿಕ್ ಪದ್ಧತಿ ಮುಂದಿನ ಕೆಲವು ವರ್ಷಗಳಲ್ಲಿ ಜಾರಿಯಾಯಿತು. ಗ್ರಾಮಿನಲ್ಲಿ ತೂಕ ಹೇಳುವ ಬರಹ ಅದಕ್ಕಿಂತ ಈಚಿನದು. ಮೂರನೆಯದು ಕಾಲಗಣನೆ. ಶಾಲಿವಾಹನ ಶಕವಿದ್ದರೆ 78 ಕೂಡಿಸಿ ಕ್ರಿಸ್ತಶಕ ತಿಳಿಯಬಹುದು. ಸಂವತ್ಸರದ ಹೆಸರು ಮಾತ್ರವಿದ್ದರೆ ಅರವತ್ತು ವರ್ಷಗಳ ಸಂದೇಹ ಉಳಿಯುತ್ತದೆ. ಪ್ರಭವ ಸಂವತ್ಸರ 1867ರಲ್ಲಿಯೂ 1927ರಲ್ಲಿಯೂ 1987ರಲ್ಲಿಯೂ ಬಂದಿದೆ. ಆಗ ಲಿಪಿ ಮತ್ತು ತೂಕದ ಮಾನ ಸಂದೇಹವನ್ನು ಬಿಡಿಸಲು ನೆರವಾಗುತ್ತವೆ. ನಾಲ್ಕನೆಯದು ಲೋಹ. ಬ್ರಿಟಿಷ್ ಕಾಲದ ರೂಪಾಯಿಯಲ್ಲಿ ಹನ್ನೆರಡರಲ್ಲಿ ಹನ್ನೊಂದು ಪಾಲು ಬೆಳ್ಳಿಯಿತ್ತು. 1940ರಲ್ಲಿ ಅದು ಅರ್ಧಕ್ಕೆ ಇಳಿಯಿತು. ರೂಪಾಯಿಗಳನ್ನೇ ಕರಗಿಸಿ ಪಾತ್ರೆ ಮಾಡಿಸುತ್ತಿದ್ದ ಕಾಲದ ವಸ್ತುಗಳಲ್ಲಿ ಈ ಪ್ರಮಾಣದ ನೆರಳು ಕಾಣಬಹುದು. ಜರ್ಮನ್ ಸಿಲ್ವರ್ ಎಂದು ಕರೆಯುವ ಲೋಹದಲ್ಲಿ ಬೆಳ್ಳಿಯೇ ಇಲ್ಲ. ಅದು ತಾಮ್ರ, ನಿಕಲ್, ಸತುಗಳ ಮಿಶ್ರಣ. ಅದರ ಮೇಲೆ ಬೆಳ್ಳಿಯ ಲೇಪ ಕೊಟ್ಟ ವಸ್ತುಗಳ ತಳದಲ್ಲಿರುವ ರೋಮನ್ ಅಕ್ಷರಗಳ ಸಾಲನ್ನು ಶುದ್ಧಿಯ ಮುದ್ರೆಯೆಂದು ಭ್ರಮಿಸುವುದು ಸಾಮಾನ್ಯವಾದ ತಪ್ಪು.

ಇಷ್ಟಾದರೂ ಒಡೆಯನ ಹೆಸರು ವಸ್ತುವಿನ ಹುಟ್ಟಿದ ದಿನವನ್ನು ಹೇಳುವುದಿಲ್ಲವೆಂಬ ಮಿತಿಯನ್ನು ಮರೆಯಬಾರದು. ಹಳೆಯ ಪಾತ್ರೆಗೆ ಹೊಸ ಹೆಸರು ಹಾಕಿಸುವುದು, ಪಾಲಾದಾಗ ಹಿಂದಿನ ಹೆಸರನ್ನು ಉಜ್ಜಿ ಅಳಿಸುವುದು ವಾಡಿಕೆಯಲ್ಲಿದೆ. ಮಾಡಿದವನನ್ನು ಹುಡುಕಬೇಕಾದರೆ ಹೆಸರಿನಿಂದ ಕೆಲಸದ ಕಡೆಗೆ ತಿರುಗಬೇಕು. ಒಂದೇ ಅಚ್ಚಿನಲ್ಲಿ ಒತ್ತಿದ ಬಿಲ್ಲೆಗಳಲ್ಲಿ ಆ ಅಚ್ಚಿನ ದೋಷವೂ ಒಂದೇ ಆಗಿರುತ್ತದೆ. ಅಚ್ಚುಗಳು ತಂದೆಯಿಂದ ಮಗನಿಗೆ ಬರುವ ಆಸ್ತಿಯಾದ್ದರಿಂದ, ಒಂದು ಮುರಿದ ಎಸಳು, ಒಂದು ಜರುಗಿದ ಚುಕ್ಕೆ ಒಂದು ಮನೆತನದ ಕೆಲಸವನ್ನು ಹಲವು ಒಡವೆಗಳಲ್ಲಿ ಹಿಂಬಾಲಿಸಲು ನೆರವಾಗುತ್ತದೆ. ಕೊಂಡಿ, ತಿರುಪು, ಬೆಸುಗೆ, ಅರಗು ತುಂಬಿದ ಬಗೆ, ಕಣ್ಣಿಗೆ ಬೀಳದ ಹಿಂಬದಿಯ ನಯ ಇವು ಗಿರಾಕಿಯ ಅಪೇಕ್ಷೆಯಂತೆ ಬದಲಾಗುವುದಿಲ್ಲ; ಇವುಗಳಲ್ಲಿ ಕೈಯ ಅಭ್ಯಾಸ ಉಳಿಯುತ್ತದೆ. ಇಂತಹ ತೌಲನಿಕ ಅಧ್ಯಯನಕ್ಕೆ ಅಚ್ಚುಗಳ ಸಂಗ್ರಹ ಅತ್ಯಗತ್ಯ. ಒಡವೆಗಳನ್ನು ಸಂಗ್ರಹಿಸುವಷ್ಟು ಆಸಕ್ತಿಯನ್ನು ಅಚ್ಚುಗಳ ವಿಷಯದಲ್ಲಿ ಸಂಸ್ಥೆಗಳು ತೋರಬೇಕಾಗಿದೆ.

ಕಾನೂನು ಮತ್ತು ಹೆಸರು

ಸ್ವತಂತ್ರ ಭಾರತದ ಕಾನೂನುಗಳು ಈ ಕಥೆಗೆ ಹೊಸ ತಿರುವು ಕೊಟ್ಟವು. 1963ರ ಜನವರಿಯಲ್ಲಿ ಬಂದ ಚಿನ್ನ ನಿಯಂತ್ರಣ ನಿಯಮಗಳು 14 ಕ್ಯಾರೆಟ್‌ಗಿಂತ ಹೆಚ್ಚಿನ ಶುದ್ಧಿಯ ಒಡವೆ ಮಾಡುವುದನ್ನು ನಿಷೇಧಿಸಿದವು. ಗಟ್ಟಿ ಚಿನ್ನದ ಕೆಲಸವನ್ನೇ ನಂಬಿದ್ದ ಅಕ್ಕಸಾಲಿಗರು ದೇಶದಾದ್ಯಂತ ಕೆಲಸ ಕಳೆದುಕೊಂಡರು. ಕ್ಯಾರೆಟ್ಟಿನ ಮಿತಿ 1966ರಲ್ಲಿ ತೆರವಾದರೂ 1968ರ ಕಾಯಿದೆ 1990ರವರೆಗೆ ಉಳಿಯಿತು. ಈ ಅವಧಿಯಲ್ಲಿ ಕಸುಬು ಬಿಟ್ಟ ಮನೆಗಳಲ್ಲಿ ಮುರಿದುಹೋದದ್ದು ಸಂಪಾದನೆ ಮಾತ್ರವಲ್ಲ. ಯಾವ ಮನೆಗೆ ಯಾವ ಒಡವೆ ಮಾಡಿಕೊಟ್ಟೆವೆಂಬ ತಲೆಮಾರುಗಳ ನೆನಪೂ ಮುರಿಯಿತು.

ಭಾರತೀಯ ಮಾನಕ ಬ್ಯೂರೋ 2000ದಲ್ಲಿ ಚಿನ್ನಕ್ಕೂ 2005ರಲ್ಲಿ ಬೆಳ್ಳಿಗೂ ಹಾಲ್‌ಮಾರ್ಕ್ ಪದ್ಧತಿಯನ್ನು ಆರಂಭಿಸಿತು. ಆರಂಭದ ಪದ್ಧತಿಯಲ್ಲಿ ಬ್ಯೂರೋದ ಚಿಹ್ನೆ, ಶುದ್ಧಿ, ಪರೀಕ್ಷಾ ಕೇಂದ್ರದ ಗುರುತು, ವರ್ಷಸೂಚಕ ಅಕ್ಷರ ಮತ್ತು ಆಭರಣ ವ್ಯಾಪಾರಿಯ ಗುರುತು ಇದ್ದವು. ಚಿನ್ನದ ಒಡವೆಗೆ ಹಾಲ್‌ಮಾರ್ಕ್ 2021ರ ಜೂನ್ 16ರಿಂದ ಮೊದಲ ಹಂತದಲ್ಲಿ 256 ಜಿಲ್ಲೆಗಳಲ್ಲಿ ಕಡ್ಡಾಯವಾಯಿತು. ಅದೇ ಜುಲೈ 1ರಿಂದ ಚಿಹ್ನೆ, ಶುದ್ಧಿ ಹಾಗೂ ಆರು ಅಕ್ಷರ-ಅಂಕಿಗಳ ಗುರುತಿನ ಸಂಖ್ಯೆ ಎಂಬ ಮೂರೇ ಅಂಶಗಳ ಹೊಸ ಮುದ್ರೆ ಬಂತು. 2023ರ ಏಪ್ರಿಲ್ 1ರಿಂದ ಈ ಸಂಖ್ಯೆಯಿಲ್ಲದ ಹೊಸ ಒಡವೆಯನ್ನು ವ್ಯಾಪಾರಿ ಮಾರುವಂತಿಲ್ಲ. ಕೊಳ್ಳುವವರ ದೃಷ್ಟಿಯಿಂದ ಇದು ಉಪಯುಕ್ತವಾದ ರಕ್ಷಣೆ ಎಂಬುದರಲ್ಲಿ ಸಂದೇಹವಿಲ್ಲ. ಆದರೆ ವಸ್ತು ಸಂಸ್ಕೃತಿಯ ಅಧ್ಯಯನದ ದೃಷ್ಟಿಯಿಂದ ಒಂದು ಸಂಗತಿಯನ್ನು ಹೇಳಲೇಬೇಕು. ಹಿಂದಿನ ಮುದ್ರೆಯಲ್ಲಿದ್ದದ್ದು ಮಾರಿದವನ ಗುರುತು. ಈಗ ಅದೂ ವಸ್ತುವಿನ ಮೈಯಿಂದ ಸಂಖ್ಯೆಯ ಹಿಂದಕ್ಕೆ ಸರಿದಿದೆ. ಮಾಡಿದವನ ಹೆಸರಿಗೆ ಎರಡರಲ್ಲೂ ಸ್ಥಳವಿಲ್ಲ. ಜಗಲಿಯ ಕಾಲದಲ್ಲಿ ಮುದ್ರೆಯಿಲ್ಲದೆಯೂ ಸೊನಗಾರನ ಹೆಸರು ಮನೆಯವರಿಗೆ ಗೊತ್ತಿತ್ತು. ಇಂದು ಮುದ್ರೆಯಿದ್ದೂ ಅದು ಗೊತ್ತಿಲ್ಲ.

ಇದರ ಪರಿಣಾಮ ಹಳೆಯ ವಸ್ತುಗಳ ಮೇಲೆಯೂ ಆಗುತ್ತಿದೆ. ಮುದ್ರೆಯಿಲ್ಲದ ಹಳೆಯ ಒಡವೆಯನ್ನು ಪರೀಕ್ಷಾ ಕೇಂದ್ರದಲ್ಲಿ ಪರೀಕ್ಷಿಸಲು ಅವಕಾಶವಿದೆ. ಆದರೂ ವ್ಯವಹಾರದಲ್ಲಿ 'ಮುದ್ರೆಯಿಲ್ಲದ್ದು' ಎಂಬ ಮಾತು 'ಕರಗಿಸಬೇಕಾದ್ದು' ಎಂಬ ಅರ್ಥಕ್ಕೆ ಬೇಗ ತಿರುಗುತ್ತದೆ. 1972ರ ಪ್ರಾಚೀನ ವಸ್ತುಗಳ ಕಾಯಿದೆ ನೂರು ವರ್ಷ ಮೀರಿದ ಕಲಾವಸ್ತುವನ್ನು ಪ್ರಾಚೀನ ವಸ್ತುವೆಂದು ಪರಿಗಣಿಸುತ್ತದೆ. ಅದು ನೂರು ವರ್ಷದ್ದೆಂದು ತೋರಿಸಲು ಬೇಕಾದ ಸಾಕ್ಷ್ಯ ಮಾತ್ರ ಮೂಸೆಯಲ್ಲಿ ಮೊದಲೇ ಕರಗಿಹೋಗುತ್ತದೆ. ಮೊದಲೂ ಒಡವೆಗಳನ್ನು ಮುರಿಸಿ ಮಾಡಿಸುತ್ತಿದ್ದರಲ್ಲ ಎಂಬ ಆಕ್ಷೇಪ ಸಹಜ. ಆದರೆ ಆಗ ಮುರಿದ ಚಿನ್ನ ಅದೇ ಮನೆಗೆ ಬೇರೆ ರೂಪದಲ್ಲಿ ಹಿಂದಿರುಗುತ್ತಿತ್ತು; ಅತ್ತೆಯ ಸರ ಸೊಸೆಯ ಬಳೆಯಾದಾಗ ಅದರ ಕಥೆ ಮುಂದುವರಿಯುತ್ತಿತ್ತು. ಅಂಗಡಿಯ ವಿನಿಮಯದಲ್ಲಿ ಚಿನ್ನ ಹಿಂದಿರುಗುವುದು ತೂಕವಾಗಿ; ಕಥೆ ಹಿಂದಿರುಗುವುದಿಲ್ಲ.

ಉಪಸಂಹಾರ

ಮುರ್ಡೇಶ್ವರ ಪರಿಸರದ ವಸ್ತುಗಳನ್ನು ಓದುವಾಗ ಮುದ್ರೆಯ ಅಭಾವವನ್ನು ಕೊರತೆಯೆಂದಾಗಲಿ ವಿನಯವೆಂದಾಗಲಿ ಭಾವಿಸದೆ, ಒಂದು ಸಾಮಾಜಿಕ ಸಂಬಂಧದ ಗುರುತೆಂದು ಭಾವಿಸಬೇಕಾಗುತ್ತದೆ. ಪರದೇಶದ ಕೈಪಿಡಿಗಳು ಹಡಗಿನಲ್ಲಿ ಬಂದ ವಸ್ತುಗಳಿಗೆ ಉಪಯುಕ್ತ. ಜಗಲಿಯಲ್ಲಿ ಹುಟ್ಟಿದ ವಸ್ತುಗಳಿಗೆ ಬೇರೆ ದಾಖಲೆ ಬೇಕು. ಸಂಗ್ರಹಾಲಯಗಳ ಮತ್ತು ಜಾನಪದ ವಸ್ತು ಕೇಂದ್ರಗಳ ನಮೂದುಪುಸ್ತಕದಲ್ಲಿ 'ತಯಾರಕನ ಗುರುತು' ಎಂಬ ಒಂದೇ ಅಂಕಣದ ಬದಲು ನಾಲ್ಕು ಅಂಕಣಗಳಿರುವುದು ಉಚಿತ: ವಸ್ತುವಿನ ಮೇಲಿನ ಬರಹ ಇದ್ದದ್ದು ಇದ್ದಂತೆ, ಆ ಬರಹ ಒಡೆಯನದೋ ದಾನಿಯದೋ ದೇವರದೋ ಎಂಬ ನಿರ್ಣಯ, ಕೊಟ್ಟವರ ಮಾತಿನಲ್ಲಿ ವಸ್ತುವಿನ ಕಥೆ ಮತ್ತು ಮಾಡಿದ ಸೊನಗಾರನ ಮನೆತನ, ಅಚ್ಚು, ಕೊಂಡಿ, ಬೆಸುಗೆಗಳ ವಿವರ. ಇವುಗಳಲ್ಲಿ ಮೊದಲನೆಯದೂ ಕೊನೆಯದೂ ವಸ್ತು ಇರುವವರೆಗೆ ಕಾಯಬಲ್ಲವು. ಮೂರನೆಯದು ಹಾಗೆ ಕಾಯುವುದಿಲ್ಲ. ಒಡವೆ ಮಾಡಿಸಿದವರನ್ನು ಕಂಡು ಬಲ್ಲ ಹಿರಿಯ ಹೆಂಗಸರೂ, ತಂದೆಯ ಅಚ್ಚುಗಳನ್ನು ಇಟ್ಟುಕೊಂಡಿರುವ ಹಿರಿಯ ಸೊನಗಾರರೂ ಇರುವಾಗಲೇ ಕ್ಷೇತ್ರಕಾರ್ಯ ಅಲ್ಲಿಂದ ಆರಂಭವಾಗಬೇಕು.